ಲ್ಯಾಕೋಲಿತ್ ಮಾದರಿ ಪೆಟ್ಟಿಗೆ: ಕೊಡಗಿನ ತರಗತಿಯಲ್ಲಿ ಒಂದು ಮಳೆಗಾಲ ಬಳಸಿದ ಮೇಲೆ

ಅಂತಸ್ಸರಣ ಅಗ್ನಿಶಿಲೆಗಳ, ಅಂದರೆ ಕರಗಿದ ಶಿಲಾಪಾಕ ಭೂಮಿಯೊಳಗೇ ಗಟ್ಟಿಯಾಗಿ ಆದ ಕಲ್ಲುಗಳ, ಪಾಠ ಬಂದಾಗಲೆಲ್ಲ ನಾನು ಕಪ್ಪು ಹಲಗೆಯ ಮೇಲೆ ಹದಿನೇಳು ವರ್ಷ ಒಂದೇ ಚಿತ್ರವನ್ನು ಬರೆದಿದ್ದೇನೆ. ಕೆಳಗೆ ಒಂದು ಕೊಳವೆ, ಅದರ ಮೇಲೆ ಅಡಿ ಚಪ್ಪಟೆಯಾಗಿ ನೆತ್ತಿ ಉಬ್ಬಿದ ಒಂದು ರಾಶಿ, ರಾಶಿಯ ಮೇಲೆ ಬಾಗಿದ ನಾಲ್ಕು ಗೆರೆ. ಮಕ್ಕಳು ಅದನ್ನು ಅಂದವಾಗಿ ನೋಟ್‌ಬುಕ್ಕಿಗೆ ಇಳಿಸಿಕೊಳ್ಳುತ್ತಾರೆ, ಕೆಳಗೆ ‘ಲ್ಯಾಕೋಲಿತ್’ ಎಂದು ಬರೆಯುತ್ತಾರೆ, ಪರೀಕ್ಷೆಯಲ್ಲಿ ಪೂರ್ತಿ ಅಂಕವನ್ನೂ ಪಡೆಯುತ್ತಾರೆ. ಆದರೆ ಆ ನಾಲ್ಕು ಗೆರೆಗಳು ಏನು ಎಂದು ಕೇಳಿದರೆ ತರಗತಿ ಸುಮ್ಮನಾಗುತ್ತದೆ. ನಾಪೋಕ್ಲು, ಕಕ್ಕಬ್ಬೆ ಕಡೆಯಿಂದ ಬರುವ ನಮ್ಮ ಮಕ್ಕಳು ಹುಟ್ಟಿದಂದಿನಿಂದ ಬೆಟ್ಟ ನೋಡಿದವರು. ಆದರೆ ಆ ಗೆರೆಗಳು ಸೂಚಿಸುವ, ಹೂಳು ಒಂದರ ಮೇಲೊಂದು ಹಾಸಿದಂತೆ ಕುಳಿತು ಗಟ್ಟಿಯಾದ ಕಣಶಿಲೆಯ ಪದರಗಳನ್ನು ಅವರು ನೋಡಿಲ್ಲ. ಆ ಮೌನವನ್ನು ಮುರಿಯುವ ಆಸೆಯಿಂದಲೇ ಕಳೆದ ಮೇ ತಿಂಗಳಿನಲ್ಲಿ ನಮ್ಮ ಪದವಿಪೂರ್ವ ಕಾಲೇಜಿನ ಭೂಗೋಳ ವಿಭಾಗಕ್ಕೆ ಈ ಮಾದರಿ ಪೆಟ್ಟಿಗೆಯನ್ನು ತರಿಸಿದೆ. ಜೂನ್‌ನಿಂದ ಅಕ್ಟೋಬರ್‌ವರೆಗೆ ಬಳಸಿ ನೋಡಿದ ಮೇಲೆ, ಕೊಳ್ಳಲು ಯೋಚಿಸುತ್ತಿರುವ ಅಧ್ಯಾಪಕರಿಗೆ ನೆರವಾಗಲಿ ಎಂದು ಇದನ್ನು ಬರೆಯುತ್ತಿದ್ದೇನೆ. ಒಂದೇ ಅಚ್ಚಿನ ಮಾದರಿ ಬೇರೆ ಬೇರೆ ಹೆಸರಿನ ಚೀಟಿ ಅಂಟಿಸಿಕೊಂಡು ಮಾರಾಟವಾಗುತ್ತಿರುವುದರಿಂದ ಮಾರಾಟಗಾರರ ಹೆಸರು ಬರೆಯುವುದರಲ್ಲಿ ಅರ್ಥವಿಲ್ಲ. ಒಳಗಿರುವ ವಸ್ತುಗಳನ್ನು ವಿವರಿಸಿದರೆ ಗುರುತು ಸಿಗುತ್ತದೆ.

ಸಾಗಣೆಯೂ ಸೇರಿ ನಮಗೆ 5,400 ರೂಪಾಯಿ ತಗುಲಿತು. ಪೆಟ್ಟಿಗೆಯಲ್ಲಿ ನಾಲ್ಕು ವಸ್ತುಗಳಿವೆ. ಮೊದಲನೆಯದು, ಒಂದೂವರೆ ಅಡಿ ಉದ್ದದ ರೆಸಿನ್ ಮಾದರಿ. ಭೂಮಿಯನ್ನು ಕೇಕಿನಂತೆ ಅಡ್ಡಲಾಗಿ ಕೊಯ್ದು ತೋರಿಸುವ ಈ ಮಾದರಿಯಲ್ಲಿ ಬ್ಯಾಥೋಲಿತ್, ಲ್ಯಾಕೋಲಿತ್, ಲೋಪೋಲಿತ್, ಫ್ಯಾಕೋಲಿತ್, ಸಿಲ್ ಮತ್ತು ಡೈಕ್ ಎಂಬ, ಶಿಲಾಪಾಕ ಭೂಮಿಯೊಳಗೆ ಗಟ್ಟಿಯಾಗಿ ತಾಳುವ ಆರು ಆಕಾರಗಳೂ ಇವೆ. ಎರಡನೆಯದು, ತಳದಲ್ಲಿ ತೂತಿರುವ ಪಾರದರ್ಶಕ ಅಕ್ರಿಲಿಕ್ ತೊಟ್ಟಿ, ಅದಕ್ಕೊಂದು ಕೊಳವೆ, ದೊಡ್ಡ ಸಿರಿಂಜು, ಬಣ್ಣದ ಮರಳು ಮತ್ತು ಜಿಪ್ಸಂ ಪುಡಿಯ ಪೊಟ್ಟಣಗಳು, ನೀರಿನಲ್ಲಿ ಕಲಸಬೇಕಾದ ಕೆಂಪು ಪುಡಿ. ಮೂರನೆಯದು ಎಂಟು ಶಿಲಾ ಮಾದರಿಗಳ ಡಬ್ಬ, ನಾಲ್ಕನೆಯದು ಇಪ್ಪತ್ತನಾಲ್ಕು ಪುಟಗಳ ಕನ್ನಡ ಕೈಪಿಡಿ. ಕೊರಿಯರಿನವರು ವಿರಾಜಪೇಟೆಯಿಂದ ಮುಂದೆ ಬರಲು ಒಪ್ಪದೆ ಇದ್ದುದರಿಂದ ಪೆಟ್ಟಿಗೆಯನ್ನು ಬಸ್ಸಿನಲ್ಲಿ ತರಬೇಕಾಯಿತು. ತೆರೆದಾಗ ರೆಸಿನ್ ಮಾದರಿಯ ಒಂದು ಮೂಲೆ ಮುರಿದಿತ್ತು.

ಮಾದರಿಯ ಗುಣದೋಷಕ್ಕೆ ಬರುವ ಮೊದಲು ಅದು ಏನನ್ನು ತೋರಿಸಬೇಕಾಗಿತ್ತು ಎಂಬುದನ್ನು ಹೇಳಬೇಕು. ಭೂಮಿಯೊಳಗಿನಿಂದ ಮೇಲೇರುವ ಶಿಲಾಪಾಕ ಕೆಲವೊಮ್ಮೆ ಮೇಲ್ಮೈ ತಲುಪುವುದೇ ಇಲ್ಲ. ಕೆಲವು ಕಿಲೋಮೀಟರ್ ಆಳದಲ್ಲಿ ಎರಡು ಕಣಶಿಲಾ ಪದರಗಳ ನಡುವಿನ ದುರ್ಬಲ ಸಂದು ಸಿಕ್ಕಿದರೆ ಅಲ್ಲಿಯೇ ಅಡ್ಡಕ್ಕೆ ನುಗ್ಗಿ ಹಾಳೆಯಂತೆ ಹರಡುತ್ತದೆ. ಆ ಹಂತದಲ್ಲಿಯೇ ಗಟ್ಟಿಯಾದರೆ ಅದು ಸಿಲ್. ಹರಡಿದ ಹಾಳೆ ಸಾಕಷ್ಟು ಅಗಲವಾಗಿ, ಕೆಳಗಿನಿಂದ ಒತ್ತಡ ಮುಂದುವರಿದು, ಶಿಲಾಪಾಕವೂ ಸುಲಭವಾಗಿ ಹರಿಯದಷ್ಟು ಮಂದವಾಗಿದ್ದರೆ, ಮೇಲಿನ ಪದರಗಳು ಬಾಗಿ ಎದ್ದುನಿಲ್ಲುತ್ತವೆ; ಅಡಿ ಚಪ್ಪಟೆಯಾಗಿಯೇ ಉಳಿದು ನೆತ್ತಿ ಗುಮ್ಮಟವಾಗುತ್ತದೆ. ಅಮೆರಿಕದ ಯೂಟಾ ಪ್ರಾಂತ್ಯದ ಹೆನ್ರಿ ಪರ್ವತಗಳಲ್ಲಿ 1875 ಮತ್ತು 1876ರಲ್ಲಿ ಸುತ್ತಾಡಿದ ಭೂವಿಜ್ಞಾನಿ ಗ್ರೋವ್ ಕಾರ್ಲ್ ಗಿಲ್ಬರ್ಟ್ ಈ ರಚನೆಯನ್ನು ಮೊದಲು ಬಿಡಿಸಿ ವಿವರಿಸಿದರು. 1877ರಲ್ಲಿ ಅಚ್ಚಾದ ವರದಿಯಲ್ಲಿ ಅವರು ಇಟ್ಟ ಹೆಸರು ‘ಲ್ಯಾಕೋಲೈಟ್’. ಗ್ರೀಕ್ ಭಾಷೆಯಲ್ಲಿ ‘ಲಕ್ಕೋಸ್’ ಎಂದರೆ ನೀರು ತುಂಬುವ ಹೊಂಡ ಅಥವಾ ತೊಟ್ಟಿ, ‘ಲಿಥೋಸ್’ ಎಂದರೆ ಕಲ್ಲು. ಕಲ್ಲಿನ ತೊಟ್ಟಿ ಎಂಬ ಆ ಹೆಸರು ಮುಂದೆ ‘ಲ್ಯಾಕೋಲಿತ್’ ಎಂದಾಯಿತು. ಗಿಲ್ಬರ್ಟರಿಗೆ ಅದು ತಿಳಿದದ್ದು ಗುಮ್ಮಟದ ಕಲ್ಲನ್ನು ಮಾತ್ರ ನೋಡಿ ಅಲ್ಲ. ಗುಮ್ಮಟದ ಸುತ್ತಲೂ ಓರೆಯಾಗಿ ಎದ್ದುನಿಂತ ಮರಳುಶಿಲೆಯ ಪದರಗಳು ದೂರ ಹೋದಂತೆ ಮತ್ತೆ ಮಟ್ಟಸವಾಗುವುದನ್ನು ನೋಡಿ, ಕಲ್ಲು ಕೆಳಗಿನಿಂದ ಪದರಗಳನ್ನು ಎತ್ತಿದೆ ಎಂದು ಅವರು ಓದಿಕೊಂಡರು. ಆದ್ದರಿಂದ ಒಳ್ಳೆಯ ಲ್ಯಾಕೋಲಿತ್ ಮಾದರಿಯಲ್ಲಿ ಗುಮ್ಮಟಕ್ಕಿಂತ ಪದರಗಳು ಮುಖ್ಯ, ಮತ್ತು ನಾನು ಈ ಪೆಟ್ಟಿಗೆಯನ್ನು ಅಳೆಯುತ್ತಿರುವುದು ಆ ಅಳತೆಗೋಲಿನಿಂದ.

ರೆಸಿನ್ ಮಾದರಿಯ ಮುಂಭಾಗ ಈ ಪರೀಕ್ಷೆಯಲ್ಲಿ ಗೆಲ್ಲುತ್ತದೆ. ಲ್ಯಾಕೋಲಿತ್‌ನ ಅಡಿ ಗೆರೆ ಎಳೆದಂತೆ ನೇರವಾಗಿದೆ. ಮೇಲಿನ ಮೂರು ಪದರಗಳು ಗುಮ್ಮಟದ ಮೇಲೆ ದಪ್ಪ ಕಳೆದುಕೊಳ್ಳದೆ ಬಾಗಿ, ಎರಡೂ ಅಂಚುಗಳಲ್ಲಿ ಮತ್ತೆ ಮಟ್ಟಕ್ಕೆ ಇಳಿದಿವೆ. ನೆತ್ತಿಯ ಒಂದು ಭಾಗವನ್ನು ಕಳಚಿ ತೆಗೆಯಬಹುದು, ತೆಗೆದರೆ ಬರಿಯ ಗುಮ್ಮಟ ಕಾಣುತ್ತದೆ. ಲಕ್ಷಾಂತರ ವರ್ಷಗಳ ಸವೆತದ ನಂತರ ಲ್ಯಾಕೋಲಿತ್ ಬೆಟ್ಟವಾಗಿ ಹೊರಬರುವುದನ್ನು ಹೇಳಲು ಇದಕ್ಕಿಂತ ಸರಳ ಉಪಾಯವಿಲ್ಲ. ಪಕ್ಕದಲ್ಲಿಯೇ ಬಟ್ಟಲಿನಂತೆ ನಡು ತಗ್ಗಿದ ಲೋಪೋಲಿತ್ ಇರುವುದರಿಂದ ಮಕ್ಕಳು ಎರಡನ್ನೂ ಅದಲುಬದಲು ಮಾಡುವುದು ಕಡಿಮೆಯಾಗಿದೆ.

ಮಾದರಿಯನ್ನು ತಿರುಗಿಸಿದರೆ ಬೇಸರವಾಗುತ್ತದೆ. ಹಿಂಭಾಗದಲ್ಲಿ ಅದೇ ಲ್ಯಾಕೋಲಿತ್‌ನ ಇನ್ನೊಂದು ಸೀಳುನೋಟವಿದೆ, ಆದರೆ ಬಣ್ಣ ಹಚ್ಚಿದವರು ಪದರಗಳನ್ನು ನೇರವಾಗಿ ಎಳೆದು ಗುಮ್ಮಟದ ಮೈಗೆ ತಾಗಿಸಿ ನಿಲ್ಲಿಸಿಬಿಟ್ಟಿದ್ದಾರೆ. ಹಾಗೆ ಬರೆದರೆ ಅರ್ಥವೇ ಬದಲಾಗುತ್ತದೆ: ಗುಮ್ಮಟ ಮೊದಲೇ ಇತ್ತು, ಅದರ ಸುತ್ತ ಹೂಳು ಬಂದು ತುಂಬಿಕೊಂಡಿತು ಎಂದು ಚಿತ್ರ ಹೇಳುತ್ತದೆ. ಇದು ಸಣ್ಣ ತಪ್ಪಲ್ಲ, ಯಾವುದು ಮೊದಲು ಯಾವುದು ನಂತರ ಎಂಬುದೇ ಇಲ್ಲಿ ಪಾಠ. ನಾವು ಎನಾಮೆಲ್ ಬಣ್ಣ ತಂದು ಹಿಂಭಾಗವನ್ನು ಮತ್ತೆ ಬರೆದುಕೊಂಡೆವು.

ಇನ್ನೊಂದು ಕೊರತೆಯನ್ನೂ ಅದೇ ಬಣ್ಣದಿಂದ ತುಂಬಿಕೊಂಡೆವು. ಬಿಸಿ ಶಿಲಾಪಾಕ ತಾಗಿದ ಕಡೆ ಸುತ್ತಲಿನ ಕಣಶಿಲೆ ಬೆಂದು ಗಟ್ಟಿಯಾಗುತ್ತದೆ. ಶಿಲಾಪಾಕದ ಅಂಚು ಬೇಗ ತಣಿದು ನುಣುಪು ಹರಳಿನದಾಗುತ್ತದೆ, ಒಡಲು ನಿಧಾನವಾಗಿ ತಣಿದು ದಪ್ಪ ಹರಳುಗಳನ್ನು ಬೆಳೆಸಿಕೊಳ್ಳುತ್ತದೆ. ಲಾವಾರಸ ಮೇಲ್ಮೈಯಲ್ಲಿ ಹರಿದು, ಆಮೇಲೆ ಅದರ ಮೇಲೆ ಹೂಳು ಕುಳಿತಿದ್ದರೆ ಅಡಿಯ ಪದರ ಮಾತ್ರ ಬೆಂದಿರುತ್ತದೆ. ಅಡಿಯ ಪದರವೂ ನೆತ್ತಿಯ ಪದರವೂ ಎರಡೂ ಬೆಂದಿದ್ದರೆ ಕಲ್ಲು ನಡುವೆ ನುಗ್ಗಿ ಬಂದದ್ದು ಎಂದು ಖಚಿತ. ಇಷ್ಟು ಒಳ್ಳೆಯ ಸಾಕ್ಷಿಯನ್ನು ತೋರಿಸಲು ಒಂದು ಕಂದು ಪಟ್ಟಿ ಸಾಕಿತ್ತು, ಮಾದರಿಯಲ್ಲಿ ಅದಿಲ್ಲ. ಗುಮ್ಮಟದ ಸುತ್ತ ಮೇಲೂ ಕೆಳಗೂ ಕಂದು ಬಣ್ಣದ ಪಟ್ಟಿ ಬಳಿದ ದಿನ, ಹಿಂದಿನ ಬೆಂಚಿನ ಹುಡುಗಿಯೊಬ್ಬಳು ‘ಮಿಸ್, ಹಾಗಾದ್ರೆ ಕಲ್ಲು ಕಾಣದಿದ್ರೂ ಸುಟ್ಟ ಗುರುತು ನೋಡಿ ಹೇಳ್ಬಹುದಲ್ವಾ?’ ಎಂದು ಕೇಳಿದಳು. ಕ್ಷೇತ್ರದಲ್ಲಿ ಭೂವಿಜ್ಞಾನಿಗಳು ಕೇಳಿಕೊಳ್ಳುವ ಪ್ರಶ್ನೆಯೇ ಅದು.

ಪೆಟ್ಟಿಗೆಯ ನಿಜವಾದ ಬೆಲೆ ಇರುವುದು ಅಕ್ರಿಲಿಕ್ ತೊಟ್ಟಿಯಲ್ಲಿ. ಮೊದಲ ಪ್ರಯೋಗ ಸೋತಿತು. ಕೈಪಿಡಿಯಲ್ಲಿ ಹೇಳಿದ ಪ್ರಮಾಣದಲ್ಲಿ ಕೆಂಪು ಪುಡಿಯನ್ನು ಕಲಸಿದರೆ ಅದು ನೀರುಮಜ್ಜಿಗೆಯಷ್ಟು ತೆಳ್ಳಗಾಗುತ್ತದೆ. ಸಿರಿಂಜನ್ನು ಒತ್ತಿದೊಡನೆ ಮರಳಿನೊಳಗೆ ಇಂಗಿ ಹೋಯಿತು, ಮೇಲ್ಮೈ ಒಂದು ಕೂದಲಿನಷ್ಟೂ ಏಳಲಿಲ್ಲ. ಮರುದಿನ ಮೈದಾ ಹಿಟ್ಟನ್ನು ಕುದಿಸಿ, ಭಿತ್ತಿಪತ್ರ ಅಂಟಿಸಲು ಮಾಡುವಂಥ ಗಟ್ಟಿ ಅಂಟು ಮಾಡಿ, ಅದಕ್ಕೆ ಅದೇ ಕೆಂಪು ಬಣ್ಣ ಬೆರೆಸಿದೆವು. ತಳದಲ್ಲಿ ಮರಳು, ಅದರ ಮೇಲೆ ತೆಳು ಪ್ಲಾಸ್ಟಿಕ್ ಹಾಳೆಯನ್ನು ಎರಡು ಪದರಗಳ ನಡುವಿನ ದುರ್ಬಲ ಸಂದಿನ ಬದಲಿಗೆ ಇಟ್ಟು, ಮೇಲೆ ಬಿಳಿ ಜಿಪ್ಸಂ, ಹಳದಿ ಮರಳು, ಮತ್ತೆ ಜಿಪ್ಸಂ ಹೀಗೆ ಒಂದೊಂದು ಬೆರಳು ದಪ್ಪದ ನಾಲ್ಕು ಪದರ ಹಾಸಿದೆವು. ಮೊದಲನೆಯ ಸಿರಿಂಜು ಖಾಲಿಯಾದಾಗ ಏನೂ ಕಾಣಲಿಲ್ಲ. ಪಕ್ಕದ ಗಾಜಿನಂಥ ಗೋಡೆಯಲ್ಲಿ ನೋಡಿದವರಿಗೆ ಮಾತ್ರ ಕೆಂಪು ಹಾಳೆಯೊಂದು ಸಂದಿನಗುಂಟ ಹರಡುತ್ತಿರುವುದು ಕಂಡಿತು. ಎರಡನೆಯದರ ಅರ್ಧಕ್ಕೆ ಬಂದಾಗ ಹರಡುವುದು ನಿಂತು ನಡುಭಾಗ ಏಳತೊಡಗಿತು. ಮೂರನೆಯದು ಮುಗಿಯುವ ಹೊತ್ತಿಗೆ ಮೇಲ್ಮೈಯಲ್ಲಿ ಅಂಗೈಯಗಲದ ಉಬ್ಬು ಎದ್ದಿತ್ತು, ಅದರ ನೆತ್ತಿಯಿಂದ ಮೂರು ಬಿರುಕುಗಳು ನಕ್ಷತ್ರದಂತೆ ಹೊರಟಿದ್ದವು. ತಗಡಿನ ಹಾಳೆಯನ್ನು ನಡುವೆ ಇಳಿಸಿ ಅರ್ಧ ಭಾಗವನ್ನು ಕರಂಡಿಯಿಂದ ತೆಗೆದಾಗ, ಕಪ್ಪು ಹಲಗೆಯ ಮೇಲಿನ ನನ್ನ ಹದಿನೇಳು ವರ್ಷದ ಚಿತ್ರ ಅಲ್ಲಿ ನಿಂತಿತ್ತು: ಚಪ್ಪಟೆ ಅಡಿ, ಉಬ್ಬಿದ ನೆತ್ತಿ, ಬಾಗಿದ ನಾಲ್ಕು ಗೆರೆ.

ಮೇಲಿನ ಪದರಗಳ ದಪ್ಪವನ್ನು ಎರಡರಷ್ಟು ಮಾಡಿ ಮತ್ತೊಮ್ಮೆ ಒತ್ತಿದಾಗ ಉಬ್ಬು ಏಳುವ ಮೊದಲು ಕೆಂಪು ಅಂಟು ಇನ್ನೂ ಅಗಲಕ್ಕೆ ಹರಡಿತು, ಎದ್ದ ಉಬ್ಬೂ ಅಗಲವಾಗಿ ತಗ್ಗಾಗಿತ್ತು. ಗಿಲ್ಬರ್ಟ್ ಇದನ್ನೇ ತರ್ಕದಿಂದ ಹೇಳಿದ್ದರು. ಮೇಲಿನ ಹೊರೆಯನ್ನು ಎತ್ತುವ ಬಲ ಹರಡಿದ ವಿಸ್ತೀರ್ಣದೊಂದಿಗೆ ಬೆಳೆಯುತ್ತದೆ, ಅದನ್ನು ತಡೆಯುವ ಪ್ರತಿರೋಧ ಅಂಚಿನ ಸುತ್ತಳತೆಯಲ್ಲಿದೆ; ಆದ್ದರಿಂದ ಒಂದು ಮಿತಿಯ ಅಗಲ ಮುಟ್ಟುವವರೆಗೆ ಗುಮ್ಮಟ ಏಳಲಾರದು, ಆಳ ಹೆಚ್ಚಿದಷ್ಟೂ ಆ ಅಗಲವೂ ಹೆಚ್ಚು. ತೊಟ್ಟಿಯ ಗೋಡೆಗೆ ಅಳತೆಪಟ್ಟಿ ಅಂಟಿಸಿ ಈ ಸಂಬಂಧವನ್ನು ಮಕ್ಕಳೇ ಗ್ರಾಫ್ ಹಾಳೆಗೆ ಇಳಿಸುವಂತೆ ಮಾಡಬಹುದು. ಕೈಪಿಡಿ ಇದರ ಮಾತೇ ಎತ್ತುವುದಿಲ್ಲ, ತಯಾರಕರಿಗೆ ತಮ್ಮ ತೊಟ್ಟಿಯ ಸಾಮರ್ಥ್ಯ ತಿಳಿದಿಲ್ಲವೇನೋ ಎನಿಸುತ್ತದೆ. ಕಕ್ಕಬ್ಬೆಯ ಹುಡುಗನೊಬ್ಬ ಇಡೀ ಪ್ರಯೋಗವನ್ನು ‘ಅಕ್ಕಿ ಒಟ್ಟಿ’ ಎಂದು ಕರೆಯುವ ನಮ್ಮ ಕೊಡಗಿನ ಅಕ್ಕಿ ರೊಟ್ಟಿಗೆ ಹೋಲಿಸಿದ: ಕೆಂಡದ ಮೇಲಿಟ್ಟ ಒಟ್ಟಿಯ ಕೆಳಹಾಳೆ ಅಲ್ಲೇ ಇರುತ್ತದೆ, ಮೇಲಿನ ಹಾಳೆ ಉಬ್ಬುತ್ತದೆ. ಒಟ್ಟಿಯನ್ನು ಉಬ್ಬಿಸುವುದು ಅದರದೇ ಹಬೆ, ಬೆಟ್ಟವನ್ನು ಉಬ್ಬಿಸುವುದು ಹೊರಗಿನಿಂದ ನುಗ್ಗಿದ ಶಿಲಾಪಾಕ, ಆ ವ್ಯತ್ಯಾಸವೊಂದನ್ನು ಬಿಟ್ಟರೆ ಹೋಲಿಕೆ ಚೆನ್ನಾಗಿದೆ, ಮುಂದಿನ ವರ್ಷವೂ ಬಳಸುತ್ತೇನೆ.

ಶಿಲಾ ಮಾದರಿಗಳ ಡಬ್ಬದ ಬಗ್ಗೆ ಹೆಚ್ಚು ಹೇಳುವಂಥದ್ದಿಲ್ಲ. ಬಸಾಲ್ಟ್, ಗ್ರಾನೈಟ್, ಸುಣ್ಣಶಿಲೆ ಸರಿಯಾಗಿವೆ. ಗ್ಯಾಬ್ರೊದಲ್ಲಿ ದಪ್ಪ ಹರಳುಗಳು ಕಾಣಬೇಕು, ಆದರೆ ‘ಗ್ಯಾಬ್ರೊ’ ಎಂದು ಚೀಟಿ ಅಂಟಿಸಿದ ತುಂಡು ಕಣ್ಣಿಗೆ ಹರಳು ಕಾಣದಷ್ಟು ನುಣುಪಾಗಿದೆ. ವ್ಯಾಪಾರದಲ್ಲಿ ‘ಕಪ್ಪು ಗ್ರಾನೈಟ್’ ಎಂದು ಮಾರುವ ಡಾಲರೈಟ್‌ನ ಚೂರಿರಬೇಕು. ಹೆನ್ರಿ ಪರ್ವತಗಳ ಡಯೊರೈಟ್ ಪಾರ್ಫಿರಿಯಂಥ, ನುಣುಪು ಒಡಲಿನಲ್ಲಿ ದೊಡ್ಡ ಬಿಳಿ ಹರಳುಗಳು ಚದುರಿದ ಕಲ್ಲು ಒಂದಾದರೂ ಇರಬೇಕಿತ್ತು. ಮರಳುಶಿಲೆಯ ತುಂಡು ಗೋಲಿಯಷ್ಟು ಚಿಕ್ಕದಾಗಿ, ಅದರಲ್ಲಿ ಪದರವೇ ಕಾಣುವುದಿಲ್ಲ. ಪರಿಹಾರ ನಮ್ಮ ಹಳೆಯ ಪ್ರಯೋಗಾಲಯದ ನೆಲದಲ್ಲಿಯೇ ಸಿಕ್ಕಿತು. ಕಿತ್ತು ಹಾಕಿದ ಶಹಾಬಾದ್ ಕಲ್ಲಿನ ಚಪ್ಪಡಿಗಳು ಗೋಡೆಗೆ ಒರಗಿದ್ದವು. ಕಲಬುರಗಿ ಕಡೆಯ ಭೀಮಾ ಜಲಾನಯನದ ಸುಣ್ಣಶಿಲೆ ಅದು. ಗಣಿಯಲ್ಲಿ ಹಲಗೆಗಳಂತೆ ಏಳುವುದೇ ಅದು ಪದರ ಪದರವಾಗಿ ಕುಳಿತ ಕಲ್ಲಾದ್ದರಿಂದ. ಚಪ್ಪಡಿಯ ಅಂಚನ್ನು ಒದ್ದೆ ಬಟ್ಟೆಯಿಂದ ಒರೆಸಿದಾಗ ಎಳೆಎಳೆಯಾಗಿ ಗೆರೆಗಳು ಕಂಡವು, ಮೂಲೆಗೆ ಉಳಿ ಇಟ್ಟು ಮೆಲ್ಲಗೆ ತಟ್ಟಿದಾಗ ಗೆರೆಯಗುಂಟವೇ ಸೀಳಿತು. ಶಿಲಾಪಾಕ ನುಗ್ಗುವ ಸಂದು ಎಂದರೆ ಇಂಥದು ಎಂದು ತೋರಿಸಲು ನನಗೆ ಬೇರೆ ಮಾತು ಬೇಕಾಗಲಿಲ್ಲ.

ಕೈಪಿಡಿಯ ವಿಷಯದಲ್ಲಿ ನಾನು ಕಟುವಾಗಿಯೇ ಬರೆಯಬೇಕಾಗಿದೆ. ಭಾಷೆ ತಿಳಿಯಾಗಿದೆ, ಪಾರಿಭಾಷಿಕ ಪದಗಳು ನಮ್ಮ ಪಠ್ಯದವೇ ಆಗಿವೆ, ಅದಕ್ಕಾಗಿ ಮೆಚ್ಚುತ್ತೇನೆ. ಆದರೆ ಒಂಬತ್ತನೆಯ ಪುಟದಲ್ಲಿ ‘ಕರ್ನಾಟಕದ ಗುಮ್ಮಟಾಕಾರದ ಬೆಟ್ಟಗಳು ಮತ್ತು ಕೊಡಗಿನ ಶಿಖರಗಳು ಲ್ಯಾಕೋಲಿತ್‌ಗಳಿಗೆ ಉತ್ತಮ ಉದಾಹರಣೆ’ ಎಂಬ ವಾಕ್ಯವಿದೆ. ಪ್ರಸ್ಥಭೂಮಿಯ ಗ್ರಾನೈಟ್ ಗುಮ್ಮಟಗಳನ್ನು ಲ್ಯಾಕೋಲಿತ್ ಅಥವಾ ಬ್ಯಾಥೋಲಿತ್ ಎಂದು ಒಂದೇ ಉಸಿರಿನಲ್ಲಿ ಹೇಳುವ ರೂಢಿ ಕೆಲವು ಭೂಗೋಳ ಪುಸ್ತಕಗಳಲ್ಲಿಯೂ ಇದೆ; ಕೈಪಿಡಿ ಅದನ್ನೇ ಹಿಗ್ಗಿಸಿ ಕೊಡಗನ್ನೂ ಸೇರಿಸಿಕೊಂಡಿದೆ. ಸಾವನದುರ್ಗದಂಥ ಬೆಟ್ಟಗಳು ಕ್ಲೋಸ್‌ಪೇಟೆ ಗ್ರಾನೈಟ್‌ನವು. ನಮ್ಮ ಕುಶಾಲನಗರ ಹಿಂದೆ ಫ್ರೇಸರ್‌ಪೇಟೆಯಾಗಿದ್ದಂತೆ ರಾಮನಗರ ಹಿಂದೆ ಕ್ಲೋಸ್‌ಪೇಟೆಯಾಗಿತ್ತು, ಆ ಹೆಸರು ಕಲ್ಲಿಗೆ ಉಳಿದುಕೊಂಡಿದೆ. ಸುಮಾರು 250 ಕೋಟಿ ವರ್ಷಗಳ ಹಿಂದೆ ಈ ಗ್ರಾನೈಟ್ ನುಗ್ಗಿದ್ದು ಕಣಶಿಲೆಯ ಪದರಗಳ ನಡುವೆ ಅಲ್ಲ, ನೈಸ್ ಎಂಬ ಹಳೆಯ ರೂಪಾಂತರ ಶಿಲೆಗಳ ನಡುವೆ. ಅದು ಇಂದು ಗುಮ್ಮಟದಂತೆ ಕಾಣುವುದು ಮೇಲಿನ ಹೊರೆ ಸವೆದು ಹೋದ ಮೇಲೆ ಬಂಡೆ ಈರುಳ್ಳಿಯ ಸಿಪ್ಪೆಯಂತೆ ಪದರು ಬಿಟ್ಟು ದುಂಡಗಾಗಿರುವುದರಿಂದ. ಗುಮ್ಮಟದ ಆಕಾರ ಸವೆತದಿಂದ ಬಂದಿದ್ದರೆ ಅದನ್ನು ಲ್ಯಾಕೋಲಿತ್ ಎನ್ನಲಾಗದು.

ಕೊಡಗಿನ ಮಾತು ಇನ್ನೂ ಬೇರೆ. ತೊಟ್ಟಿಯ ಪ್ರಯೋಗ ಮುಗಿದ ದಿನವೇ ಮಕ್ಕಳು ‘ಮಿಸ್, ತಡಿಯಂಡಮೋಳ್ ಕೂಡ ಹೀಗೇ ಎದ್ದದ್ದಾ?’ ಎಂದು ಕೇಳಿದ್ದರು. 1,748 ಮೀಟರ್ ಎತ್ತರದ ಆ ಶಿಖರ ನಮ್ಮ ಕಿಟಕಿಯಿಂದ ಮೋಡವಿಲ್ಲದ ದಿನ ಕಾಣುತ್ತದೆ, ಕೇಳದೆ ಇರುವುದಾದರೂ ಹೇಗೆ? ಇಲ್ಲಿನ ನೈಸ್ ಮತ್ತು ಚಾರ್ನೊಕೈಟ್ ಶಿಲೆಗಳು 300 ಕೋಟಿ ವರ್ಷಗಳಿಗೂ ಹಿಂದಿನ ಚರಿತ್ರೆಯುಳ್ಳವು, ಭೂಮಿಯ ಬಹಳ ಆಳದಲ್ಲಿ ಕಾದು, ಹಿಂಡಿಸಿಕೊಂಡು, ರೂಪಾಂತರಗೊಂಡವು. ರಸ್ತೆ ಕಡಿದ ಜಾಗದಲ್ಲಿ ನೈಸ್ ಬಂಡೆಯ ಮೇಲೆ ಕಾಣುವ ಕಪ್ಪು ಬಿಳುಪಿನ ಪಟ್ಟೆಗಳನ್ನು ಮಕ್ಕಳು ಕಣಶಿಲೆಯ ಪದರಗಳೆಂದು ತಿಳಿಯುತ್ತಾರೆ. ಅವು ಹೂಳು ಕುಳಿತು ಆದವಲ್ಲ, ಶಾಖ ಮತ್ತು ಒತ್ತಡದಲ್ಲಿ ಖನಿಜಗಳು ಬೇರ್ಪಟ್ಟು ಸಾಲುಗಟ್ಟಿದವು. ಈ ಬೆಟ್ಟಗಳ ಎತ್ತರ ಪಶ್ಚಿಮ ಘಟ್ಟದ ಏರಿಕೆಯಿಂದಲೂ ಮಳೆ ಮತ್ತು ಹೊಳೆಗಳ ಕೊರೆತದಿಂದಲೂ ಬಂದದ್ದು. ಎತ್ತಲು ಕಣಶಿಲೆಯ ಪದರಗಳೇ ಇಲ್ಲದ ಕಡೆ ಲ್ಯಾಕೋಲಿತ್ ಹುಡುಕುವಂತೆ ಮಾಡಿದರೆ ಮಗು ತನ್ನ ಮನೆಯ ಹಿಂದಿನ ಬೆಟ್ಟವನ್ನೂ ತಪ್ಪಾಗಿ ಓದುತ್ತದೆ, ಲ್ಯಾಕೋಲಿತ್‌ನ್ನೂ ತಪ್ಪಾಗಿ ಓದುತ್ತದೆ. ಈ ಒಂದು ವಾಕ್ಯಕ್ಕಾಗಿ ನಾನು ತಯಾರಕರಿಗೆ ಪತ್ರ ಬರೆದಿದ್ದೇನೆ.

ಕೈಪಿಡಿಯ ರಕ್ಷಾಪುಟದಲ್ಲಿ ಅಮೆರಿಕದ ಡೆವಿಲ್ಸ್ ಟವರ್ ಇದೆ. 1906ರಲ್ಲಿ ಆ ದೇಶದ ಮೊದಲ ರಾಷ್ಟ್ರೀಯ ಸ್ಮಾರಕವೆಂದು ಘೋಷಿತವಾದ ಆ ಕಂಬದಂಥ ಬಂಡೆ ಲ್ಯಾಕೋಲಿತ್‌ನ ಅವಶೇಷವೋ ಹಳೆಯ ಜ್ವಾಲಾಮುಖಿಯ ಕಂಠದಲ್ಲಿ ಹೆಪ್ಪುಗಟ್ಟಿದ ಕಲ್ಲೋ ಎಂಬ ಬಗ್ಗೆ ಭೂವಿಜ್ಞಾನಿಗಳಲ್ಲಿ ಒಮ್ಮತವಿಲ್ಲ. ಚರ್ಚೆಯಲ್ಲಿರುವ ಉದಾಹರಣೆಯನ್ನು ಮುಖಪುಟಕ್ಕೆ ಹಾಕುವ ಬದಲು ಹೆನ್ರಿ ಪರ್ವತಗಳ ಮೌಂಟ್ ಎಲೆನ್ ಅಥವಾ ಮೌಂಟ್ ಹಿಲರ್ಸ್ ಚಿತ್ರ ಹಾಕಬಹುದಿತ್ತು. ಲ್ಯಾಕೋಲಿತ್ ರೂಪುಗೊಳ್ಳಲು ಯಾವಾಗಲೂ ಲಕ್ಷಾಂತರ ವರ್ಷ ಬೇಕೆಂಬ ಮಾತೂ ಈಗ ನಿಲ್ಲುವುದಿಲ್ಲ. ಚಿಲಿ ದೇಶದ ಕೊರ್ಡೊನ್ ಕೌಯೆ ಜ್ವಾಲಾಮುಖಿ 2011ರ ಜೂನ್‌ನಲ್ಲಿ ಸಿಡಿದಾಗ, ಆಳವಿಲ್ಲದ ಕಡೆ ಶಿಲಾಪಾಕ ತುಂಬಿಕೊಂಡು ಸುಮಾರು ಒಂದು ತಿಂಗಳಿನಲ್ಲಿ ನೆಲವನ್ನು 200 ಮೀಟರಿಗೂ ಹೆಚ್ಚು ಎತ್ತಿದ್ದನ್ನು ವಿಜ್ಞಾನಿಗಳು ಉಪಗ್ರಹ ಮಾಹಿತಿಯಿಂದ ಲೆಕ್ಕ ಹಾಕಿದ್ದಾರೆ. ತೊಟ್ಟಿಯಲ್ಲಿ ಉಬ್ಬು ಕಣ್ಣೆದುರು ಏಳುವುದನ್ನು ನೋಡಿದ ಮಕ್ಕಳಿಗೆ ಈ ಸಂಗತಿ ಹೇಳಿದರೆ ನಂಬಲು ಕಷ್ಟವಾಗುವುದಿಲ್ಲ.

ನಮ್ಮ ಹವೆಯಲ್ಲಿ ಇದು ಬಾಳುತ್ತದೆಯೇ ಎಂದು ಕೇಳುವವರಿಗೆ: ರೆಸಿನ್ ಮಾದರಿ ಬಾಳುತ್ತದೆ, ಉಳಿದದ್ದಕ್ಕೆ ಎಚ್ಚರ ಬೇಕು. ಜುಲೈ ಹೊತ್ತಿಗೆ ಜಿಪ್ಸಂ ಪುಡಿ ಪೊಟ್ಟಣದೊಳಗೇ ಗಟ್ಟಿಗಟ್ಟಿತ್ತು, ಕೈಪಿಡಿಗೆ ಬೂಷ್ಟು ಹಿಡಿದಿತ್ತು. ಪುಡಿಯನ್ನು ಮುಚ್ಚಳ ಬಿಗಿಯಾಗುವ ಡಬ್ಬಿಗೆ ತುಂಬಿ, ಕಾಫಿ ಬೀಜ ಇಡುವಂಥ ಬೆಚ್ಚನೆಯ ಒಣ ಜಾಗದಲ್ಲಿಡಿ. ಸಿರಿಂಜಿನ ರಬ್ಬರು ನಾಲ್ಕನೆಯ ಪ್ರಯೋಗಕ್ಕೆ ಸಡಿಲವಾಯಿತು. ಪಶುವೈದ್ಯಕೀಯ ಔಷಧಿ ಅಂಗಡಿಯಲ್ಲಿ ಸಿಗುವ ದೊಡ್ಡ ಸಿರಿಂಜು ಸರಿಹೊಂದುತ್ತದೆ.

ರೆಸಿನ್ ಮಾದರಿ ಮತ್ತು ತೊಟ್ಟಿಗಾಗಿ ಈ ಪೆಟ್ಟಿಗೆಯನ್ನು ನಾನು ಧೈರ್ಯವಾಗಿ ಸೂಚಿಸುತ್ತೇನೆ. ಎರಡನ್ನೂ ಬಿಡಿಯಾಗಿ ಕೊಡುತ್ತಾರೆಯೇ ಎಂದು ಮೊದಲು ವಿಚಾರಿಸಿ, ಶಿಲಾ ಡಬ್ಬಕ್ಕೆ ಕೊಡುವ ಹಣದಲ್ಲಿ ಒಂದು ಶಹಾಬಾದ್ ಚಪ್ಪಡಿ ಮತ್ತು ಎನಾಮೆಲ್ ಬಣ್ಣ ಕೊಳ್ಳಿ. ಮುರಿದ ಮೂಲೆಯ ಬದಲಿ ತುಂಡು ಐದು ವಾರಗಳ ನಂತರ ಬಂದಿತು, ಹಣ ಕೇಳಲಿಲ್ಲ. ಒಂಬತ್ತನೆಯ ಪುಟದ ಆ ವಾಕ್ಯದ ಮೇಲೆ ನಮ್ಮ ಮಕ್ಕಳು ಬಿಳಿ ಹಾಳೆ ಅಂಟಿಸಿ, ತಾವೇ ಕೊಯ್ದು ನೋಡಿದ ತೊಟ್ಟಿಯ ಚಿತ್ರವನ್ನು ಬರೆದಿದ್ದಾರೆ. ಬಾಗಿದ ನಾಲ್ಕು ಗೆರೆಗಳಿಗೂ ಒಂದೊಂದರಂತೆ ಕಲ್ಲಿನ ಹೆಸರು ಹಾಕಿದ್ದಾರೆ.